ತೋಳಿನ ತಾಯತ

ಜತ್ತದ ತಾಲೀಮಿನ್ಯಾಗ ಆ ವೀರನ ಹೆಸರು
ಯಾರೂ ತಗೀತಿರ್ಲಿಲ್ಲ.
ಗದಾದ ಮ್ಯಾಲ ಬರಸ್ತಿದ್ರು, ಬೆಳ್ಳಿ ಅಕ್ಷರದಾಗ,
ಬಾಯಿಲೆ ಅಲ್ಲ.
ದಸ್ತಗೀರ ಅತ್ತಾರನ ಕಟ್ಟಪ್ಪಣಿ ಅದು:
"ಹೆಸರು ಹೇಳಿದ್ರ ಕಥಿ ಮುಗೀತದ್ರೋ."

ಅತ್ತಾರ ಎಣ್ಣಿ ಮಾರಾಂವ. ಗುರುವಾರ ಸಂಜೀಕ
ಸೈಕಲ್ಲಿಗೆ ಶೀಸೆ ಜೋತು ಹಾಕಿಕೊಂಡು ಬಂದು
ಅಖಾಡದ ಕಟ್ಟೀ ಮ್ಯಾಲ ಕೂಡಾಂವ.
ನಾವು ಕೆಂಪು ಮಣ್ಣಿಗೆ ಮಜ್ಜಿಗಿ, ಅರಿಷಿಣ, ನಿಂಬಿಹುಳಿ
ಹಾಕಿ ತುಳಿದು ಹದಾ ಮಾಡೋ ಹೊತ್ತಿಗೆ
ಅವ ರಟ್ಟಿಲ್ಲದ ಪುಸ್ತಕ ಬಿಚ್ಚಾಂವ.
ಮೊದಲ ಫಾರಸೀ ಒಂದು ಸಾಲು, ಕುದುರಿ ಓಡಿದಂಗ;
ಆಮ್ಯಾಲ ನಮ್ಮ ಮಾತಿನ್ಯಾಗ, ಎತ್ತು ನಡದಂಗ.

ಏಳು ಗಂಡಾಂತರ ದಾಟಿದ್ನಂತ.
ಯಜಮಾನ ಮಲಗಿದಾಗ ಕುದುರಿಯೇ ಸಿಂಹ ಕೊಂದಿತ್ತಂತ.
"ಎಷ್ಟು ತಿಂತಿದ್ದ, ಅಜ್ಜಾ?" ಸಿದರಾಯ ಕೇಳಾಂವ,
ಖುರಾಕಿನ ಚಿಂತಿ ಅವಗ.
"ಇಡೀ ಒಂದು ಕಾಡಕತ್ತಿ."
"ಕತ್ತಿ?" ತಾಲೀಮಿಗೆ ತಾಲೀಮೇ ಮಣ್ಣಾಗ ಹೊಳ್ಳ್ಯಾಡಿ ನಗೋದು.
ದಸ್ತಗೀರ ಸಿಟ್ಟಿಗೆದ್ದು ಪುಸ್ತಕ ಮುಚ್ಚಿ ಹೋಗಾಂವ,
ಮುಂದಿನ ಗುರುವಾರ ಆ ಕತ್ತಿಯಿಂದನ ಶುರು.

ಆದ್ರ ಮಗನ ಕುಸ್ತಿ ಬಂತಂದ್ರ ದನಿ ಇಳೀತಿತ್ತು.
ಗಡಿಯಾಚಿಗೆ ಒಂದು ರಾತ್ರಿ ಇದ್ದು
ಹುಟ್ಟಬೇಕಾದ ಕೂಸಿಗೆ ತೋಳಬಂದಿ ಕೊಟ್ಟು
ಹೊಂಟುಬಿಟ್ಟ ಅಪ್ಪ.
ಮೀಸಿ ಮೂಡದ ಮಗ ಫೌಜಿನ ಮುಂದ ನಿಂತು
ಕೇಳತಾನ: ನೀ ಅವನ ಅಲ್ಲೇನು?
ಅಲ್ಲ, ಅಂತಾನ ಅಪ್ಪ.
ಮತ್ತ ಕೇಳತಾನ.
ಅಲ್ಲ.

"ಯಾಕ ಹೇಳಲಿಲ್ಲ?" ಒಮ್ಮೆ ಕೇಳಿದೆ ನಾ.
ಅತ್ತಾರ ಶೀಸೆಯ ಬೂಚು ತಿರುವಿಕೋತ
"ಮುಲಾಮು ತಡಾ ಆತು," ಅಂದ.
"ರಾಜನ ಹಂತ್ಯಾಕ ಇತ್ತು. ಕೊಡಲಿಲ್ಲ. ತಡಾ ಆತು."
ನಾ ಕೇಳಿದ್ದು ಅದಲ್ಲ.

ಅವ ಮಣ್ಣಾಗಿ ಆರು ವರ್ಷ.
ಈ ಮಾಘದಾಗ ಉಮದಿ ಮೈದಾನಕ್ಕ ನಾ ಪಂಚ.
ಹಲಗಿ ಬಡೀತಿತ್ತು. ಚಡಚಣದ ಕಡಿಂದ ಒಬ್ಬ ಹುಡುಗ,
ಕಿವಿ ಇನ್ನೂ ಮುರದಿಲ್ಲ,
ಎಡ ಹೆಗಲು ಚೂರು ಎತ್ತರ:
ನನ್ನ ಅಂಗಿ ಹೊಲಿಯೋ ದರ್ಜಿಗೆ ಗೊತ್ತದ, ಅಂಥಾ ಹೆಗಲು.
ರಟ್ಟೀಗೆ ತಾಮ್ರದ ತಾಯತ.

"ಬಿಚ್ಚು," ಅಂದೆ. ನೇಮ ಅದು,
ಲೋಹ ಕಟ್ಟಿಕೊಂಡು ಮಣ್ಣಿಗಿಳೀಬಾರದು.
ಪುಸ್ತಕದಾಗ ಪಕ್ಕಿ ಸೀಳಿದ ಮ್ಯಾಲ ಸಿಗೋದು
ನನ್ನ ಅಂಗೈಯಾಗ ಮೊದಲ ಬಂದು ಬಿತ್ತು,
ಬೆವರಿಗೆ ಬೆಚ್ಚಗ.
ಕರೀ ದಾರ ಎಷ್ಟು ಸಲ ಬದಲಾಗಿದ್ದೀತೋ.
ಬದಿಗಿನ ಹಲ್ಲಿನ ಗುರುತು ಮಾತ್ರ ಅದ.
ಬೆಸುಗಿ ಕೂಡದ್ದಕ್ಕ ಕಚ್ಚಿ ಮುಚ್ಚಿದ್ದೆ,
ಚಡಚಣದ ಒಂದು ಬ್ಯಾಸಗ್ಯಾಗ.

ಕಾರಕೂನ ಕೇಳಿದ: ಹೆಸರು?
"ಇರಗೊಂಡ."
ಅಪ್ಪನ ಹೆಸರು?
"ಅವ್ವಂದು ಬರೀರಿ. ನೀಲಾಬಾಯಿ."

ಇಪ್ಪತ್ತು ಮಿನಿಟು ಹಿಡದ್ರು. ಯಾರೂ ಚಿತ್ ಆಗಲಿಲ್ಲ.
ಅವ ಢಾಕ ಹಾಕಾಕ ಹೋದಾಗೊಮ್ಮೆ
ನನ್ನ ಸೊಂಟ ತಿರುಗೋದು.
ಬರಾಬರಿ ಅಂತ ಇಬ್ಬರ ಕೈಯೂ ಎತ್ತಿದೆ.

ತಾಯತ ನಾನ ಕಟ್ಟಿದೆ. ಗಂಟು ಕೂಡಲಿಲ್ಲ,
ಎರಡು ಸಲ ಜಾರಿತು.
ಕಾಲು ಮುಟ್ಟಿ ಮ್ಯಾಲೆದ್ದು
"ನಿಮ್ಮ ಹೆಸರೇನ್ರಿ, ವಸ್ತಾದ?" ಅಂದ.
ಹಲಗಿ ಮತ್ತ ಶುರುವಾಗಿತ್ತು.
"ಪಂಚ," ಅಂದೆ.
ಮತ್ತ ಕೇಳಿದ.

ಕಿಸೇದಾಗ ದಸ್ತಗೀರನ ಶೀಸೆ ಇತ್ತು, ಕಡೀದು,
ಅರ್ಧ ಉಳಿದಿದ್ದು.
"ತೋಳಿಗೆ ಹಚ್ಚಿಕೋ," ಅಂತ ಕೊಟ್ಟೆ.
ಅವ ಬೂಚು ತಗದು ಮೂಸಿ ನೋಡಿದ.
ಸಿದರಾಯ ಮುಂದಿನ ಜೋಡಿ ಕರೀತಿದ್ದ.